ಪೋಷಕ ನಟ ಅಂತ ಅರ್ಧ ಸಾಲಿನಲ್ಲಿ ಮುಗಿಸಬೇಡಿ

ಸಂಪಾದಕರಿಗೆ ನಮಸ್ಕಾರ.

ನಿಮ್ಮ ಸಿನಿಮಾ ಪುಟದಲ್ಲಿ ಬಂದ ಬ್ರಿಟಿಷ್ ವೆಬ್ ಸರಣಿಗಳ ಲೇಖನ ಓದಿದೆ. ಚೆನ್ನಾಗಿತ್ತು. ಆದರೆ ‘ಫ್ಲೀಬ್ಯಾಗ್’ ಬಗ್ಗೆ ಅಷ್ಟುದ್ದ ಬರೆದವರು ಬಿಲ್ ಪ್ಯಾಟರ್ಸನ್ ಅವರನ್ನು ‘ನಾಯಕಿಯ ಅಪ್ಪನಾಗಿ ಹಿರಿಯ ಪೋಷಕ ನಟ’ ಅಂತ ಅರ್ಧ ಸಾಲಿನಲ್ಲಿ ದಾಟಿಸಿಬಿಟ್ಟಿದ್ದೀರಿ. ಅಷ್ಟೇನಾ? ಅದಕ್ಕೇ ಈ ಪತ್ರ. ಸ್ವಲ್ಪ ಉದ್ದ ಆಗಬಹುದು. ಕತ್ತರಿಸುವುದಾದರೆ ಕೊನೆಯಿಂದ ಕತ್ತರಿಸಿ, ನಡುವಿನ ನಾಟಕದ ಭಾಗ ಮಾತ್ರ ಮುಟ್ಟಬೇಡಿ.

ಪ್ಯಾಟರ್ಸನ್ ಸ್ಕಾಟ್ಲೆಂಡಿನ ಗ್ಲಾಸ್ಗೋದವರು, ಹುಟ್ಟಿದ್ದು 1945ರಲ್ಲಿ. ಮೊದಲು ಕಟ್ಟಡಗಳ ಅಳತೆ, ಅಂದಾಜು ಖರ್ಚು ನೋಡುವ ಕ್ವಾಂಟಿಟಿ ಸರ್ವೇಯರ್ ಕೆಲಸ ಕಲಿಯಲು ಸೇರಿದ್ದರು. ಅದನ್ನು ಬಿಟ್ಟು ನಾಟಕಕ್ಕೆ ಬಂದರು. 1967ರಲ್ಲಿ ಅದೇ ಊರಿನ ಸಿಟಿಜನ್ಸ್ ಥಿಯೇಟರಿನಲ್ಲಿ ಜರ್ಮನ್ ನಾಟಕಕಾರ ಬ್ರೆಕ್ಟ್‌ನ ‘ಆರ್ತುರೊ ಊಯಿ’ ನಾಟಕದಲ್ಲಿ ಮೊದಲ ಸಲ ಬಣ್ಣ ಹಚ್ಚಿದರು. ಹಿಟ್ಲರನನ್ನು ಶಿಕಾಗೋದ ತರಕಾರಿ ವ್ಯಾಪಾರಿಗಳ ಹತ್ತಿರ ವಸೂಲಿ ಮಾಡುವ ರೌಡಿಯಾಗಿ ತೋರಿಸುವ ನಾಟಕ ಅದು. ಶುರುವಾದದ್ದೇ ಅಲ್ಲಿಂದ.

ಆಮೇಲೆ 1971. ಗ್ಲಾಸ್ಗೋದ ಕ್ಲೈಡ್ ನದಿ ದಂಡೆಯ ಹಡಗು ಕಾರ್ಖಾನೆಗಳಿಗೆ ಇನ್ನು ದುಡ್ಡು ಕೊಡುವುದಿಲ್ಲ ಎಂದು ಸರ್ಕಾರ ಕೈ ಎತ್ತಿತು. ಕಾರ್ಮಿಕರು ಮುಷ್ಕರ ಹೂಡಲಿಲ್ಲ, ಕಾರ್ಖಾನೆಯನ್ನು ತಾವೇ ವಹಿಸಿಕೊಂಡು ಕೆಲಸ ಮುಂದುವರಿಸಿದರು. ಗಲಾಟೆ ಮಾಡಬೇಡಿ, ಏನನ್ನೂ ಒಡೆಯಬೇಡಿ, ಕುಡಿದುಕೊಂಡು ಬರಬೇಡಿ ಅಂತ ಅವರ ಮುಂದಾಳು ಜಿಮ್ಮಿ ರೀಡ್ ಕಟ್ಟುನಿಟ್ಟಾಗಿ ಹೇಳಿದ್ದರು. ಮರುವರ್ಷ ಸರ್ಕಾರವೇ ಬಗ್ಗಿತು. ಅದೇ ಬಿಸಿಯಲ್ಲಿ 1972ರಲ್ಲಿ ಬಂದ ನಾಟಕ ‘ದಿ ಗ್ರೇಟ್ ನಾರ್ದರ್ನ್ ವೆಲಿ ಬೂಟ್ ಶೋ’. ಹಡಗಿನ ಬದಲು ರಬ್ಬರ್ ಬೂಟಿನ ಕಾರ್ಖಾನೆ, ಉಳಿದದ್ದೆಲ್ಲ ಜನರಿಗೆ ಗೊತ್ತಿದ್ದ ಕಥೆಯೇ. ಹಾಸ್ಯನಟ ಬಿಲ್ಲಿ ಕಾನಲಿ ಜೊತೆ ಪ್ಯಾಟರ್ಸನ್ ಕೂಡ ಅದರಲ್ಲಿದ್ದರು.

ಈಗ ಮುಖ್ಯ ವಿಷಯಕ್ಕೆ ಬರುತ್ತೇನೆ. ನಾಟಕಕಾರ ಜಾನ್ ಮೆಗ್ರಾತ್ ಮತ್ತು ಗೆಳೆಯರು 1971ರಲ್ಲಿ ಕಟ್ಟಿದ ತಂಡದ ಹೆಸರು ‘7:84’. ಬ್ರಿಟನ್ನಿನ ಶೇ 84ರಷ್ಟು ಸಂಪತ್ತು ಶೇ 7ರಷ್ಟು ಜನರ ಕೈಯಲ್ಲಿದೆ ಎಂದು 1966ರಲ್ಲಿ ‘ಎಕಾನಮಿಸ್ಟ್’ ಪತ್ರಿಕೆಯಲ್ಲಿ ಬಂದ ಲೆಕ್ಕವನ್ನೇ ಅವರು ಹೆಸರು ಮಾಡಿಕೊಂಡರು. ಪೋಸ್ಟರ್ ನೋಡಿ ಇದೇನು ಅಂತ ಕೇಳಿದವರಿಗೆಲ್ಲ ಉತ್ತರ ಹೇಳಲೇಬೇಕು, ಅಲ್ಲೇ ಅರ್ಧ ಪ್ರಚಾರ ಆಯಿತು! 1973ರಲ್ಲಿ ಈ ತಂಡದ ಸ್ಕಾಟ್ಲೆಂಡ್ ಶಾಖೆ ಶುರುವಾದಾಗ ಮೊದಲಿಗರಲ್ಲಿ ಪ್ಯಾಟರ್ಸನ್ ಒಬ್ಬರು.

ಆ ವರ್ಷ ಅವರು ಆಡಿದ ನಾಟಕ ‘ದಿ ಷೆವಿಯಟ್, ದಿ ಸ್ಟ್ಯಾಗ್ ಅಂಡ್ ದಿ ಬ್ಲ್ಯಾಕ್, ಬ್ಲ್ಯಾಕ್ ಆಯಿಲ್’. ಷೆವಿಯಟ್ ಅಂದರೆ ಒಂದು ತಳಿಯ ಕುರಿ. ಹತ್ತೊಂಬತ್ತನೇ ಶತಮಾನದ ಶುರುವಿನಲ್ಲಿ ಆ ಕುರಿ ಮೇಯಿಸಲು ಜಾಗ ಬೇಕೆಂದು ಜಮೀನ್ದಾರರು ಸ್ಕಾಟ್ಲೆಂಡಿನ ಬೆಟ್ಟನಾಡು ಹೈಲ್ಯಾಂಡ್ಸ್‌ನ ರೈತರನ್ನು ಒಕ್ಕಲೆಬ್ಬಿಸಿದರು. ಮುಂದೆ ಶ್ರೀಮಂತರ ಬೇಟೆಯ ಜಿಂಕೆಗಾಗಿ ಜಾಗ ಬೇಕಾಯಿತು. ಕೊನೆಗೆ 1970ರ ದಶಕದಲ್ಲಿ ಉತ್ತರ ಸಮುದ್ರದ ಎಣ್ಣೆ. ಮೂರು ಕಾಲ, ಒಂದೇ ಆಟ. ಸದರ್ಲೆಂಡ್ ಎಸ್ಟೇಟಿನ ಪಾರುಪತ್ಯಗಾರ ಪ್ಯಾಟ್ರಿಕ್ ಸೆಲ್ಲರ್ 1814ರಲ್ಲಿ ಸ್ಟ್ರಾತ್‌ನೇವರ್ ಕಣಿವೆಯ ಜನರನ್ನು ಹೊರಹಾಕಿಸಿದ, ಮನೆಗಳಿಗೆ ಬೆಂಕಿ ಬಿತ್ತು, 1816ರಲ್ಲಿ ಇನ್ವರ್ನೆಸ್ ಕೋರ್ಟಿನಲ್ಲಿ ವಿಚಾರಣೆ ನಡೆದು ಅವನು ಖುಲಾಸೆ ಆದ. ಈ ಸೆಲ್ಲರ್ ನಾಟಕದಲ್ಲೂ ಬರುತ್ತಾನೆ. ಹಳೆಯ ದಾಖಲೆಗಳನ್ನು ನಟರು ಹಾಗೆ ಹಾಗೇ ಓದುತ್ತಾರೆ. ಕೇಳುತ್ತಾ ಕೂತ ಹಳ್ಳಿಗರಲ್ಲಿ ಒಕ್ಕಲೆದ್ದವರ ಮೊಮ್ಮಕ್ಕಳ ಮಕ್ಕಳು ಇದ್ದರು.

ಪ್ರಯೋಗ ಹೇಗಿತ್ತು ಗೊತ್ತಾ? ಪರದೆ ಇಲ್ಲ, ದೊಡ್ಡ ರಂಗಮಂದಿರ ಇಲ್ಲ. ಊರಿನ ಹಾಲ್, ಕುರ್ಚಿಗಳು, ಒಂದು ಪಿಟೀಲು. ಹಿಂದೆ ಆಳೆತ್ತರಕ್ಕೂ ಮಿಗಿಲಾದ ಒಂದು ಪುಸ್ತಕ, ಪುಟ ತಿರುಗಿಸಿದರೆ ಬೆಟ್ಟ, ಮನೆ ಎದ್ದು ನಿಲ್ಲುತ್ತವೆ. ಅದರ ಚಿತ್ರ ಬರೆದವರು ಜಾನ್ ಬರ್ನ್. ಪ್ರತಿಯೊಬ್ಬ ನಟನಿಗೂ ನಾಲ್ಕಾರು ಪಾತ್ರ. ಈಗ ಜಮೀನ್ದಾರ, ಟೋಪಿ ಬದಲಾಯಿಸಿದರೆ ರೈತ, ಮತ್ತೆ ತಾನೇ ತಾನಾಗಿ ನಿಂತು ಜನರ ಜೊತೆ ಮಾತು. ನಡುನಡುವೆ ಹೈಲ್ಯಾಂಡ್ಸ್‌ನ ಹಳೆಯ ಭಾಷೆ ಗೇಲಿಕ್‌ನ ಹಾಡು. ಆಟ ಮುಗಿದ ಮೇಲೆ ಅದೇ ನಟರು ವಾದ್ಯ ಹಿಡಿಯುತ್ತಿದ್ದರು, ಊರಿನವರು ಕುರ್ಚಿ ಸರಿಸಿ ಕುಣಿಯುತ್ತಿದ್ದರು. ನಮ್ಮಲ್ಲಿ ‘ಸಮುದಾಯ’ ರಂಗತಂಡದ ಜಾಥಾ ನೋಡಿದವರಿಗೆ ಇದನ್ನು ಜಾಸ್ತಿ ಬಿಡಿಸಿ ಹೇಳಬೇಕಿಲ್ಲ. 1974ರಲ್ಲಿ ಬಿಬಿಸಿ ಇದನ್ನು ಟಿವಿಗೂ ತಂದಿತು.

ಇಂಥ ನಾಟಕ ಮಾಡಿದವರಿಗೆ ಘೋಷಣೆ ಕೂಗುವುದು ಬಿಟ್ಟು ಬೇರೆ ನಟನೆ ಬರುವುದಿಲ್ಲ ಅಂತ ನಮ್ಮಲ್ಲೂ ಕೆಲವರು ಹೇಳುತ್ತಾರೆ. ನನಗೆ ಇದು ತಲೆಕೆಳಗಾದ ಮಾತು ಅನ್ನಿಸುತ್ತದೆ. ಎದುರಿಗೆ ಕೈಗೆಟಕುವಷ್ಟು ಹತ್ತಿರ ಕೂತ ಅಜ್ಜಿಯ ಮುಂದೆ ಸುಳ್ಳು ಅಭಿನಯ ನಡೆಯಲ್ಲ. ಜಮೀನ್ದಾರನ ಪಾತ್ರ ಮಾಡುವಾಗ ಬರೀ ಹಲ್ಲು ಕಡಿದರೆ ಸಾಲದು, ತಾನು ಮಾಡುವುದೇ ಸರಿ ಅಂತ ಆ ಮನುಷ್ಯ ಹೇಗೆ ನಂಬಿದ್ದ ಎನ್ನುವುದನ್ನೂ ತೋರಿಸಬೇಕು. ಮುಂದೆ ಪ್ಯಾಟರ್ಸನ್ ಮಾಡಿದ ಪಾತ್ರಗಳಲ್ಲೆಲ್ಲ ನನಗೆ ಕಾಣುವುದು ಇದೇ. 1989ರ ಚಾನೆಲ್ 4 ಸರಣಿ ‘ಟ್ರಾಫಿಕ್’ ನೋಡಿ. ಹೆರಾಯಿನ್ ತಡೆಯುವ ಹೊಣೆ ಹೊತ್ತ ಮಂತ್ರಿ, ಮನೆಯಲ್ಲಿ ಮಗಳಿಗೇ ಅದರ ಚಟ. ಆ ಮಂತ್ರಿಯನ್ನು ಅವರು ಹೀರೊ ಮಾಡುವುದಿಲ್ಲ, ವಿಲನ್ನೂ ಮಾಡುವುದಿಲ್ಲ. ಹಾಲಿವುಡ್ಡಿನವರು 2000ದಲ್ಲಿ ಸಿನಿಮಾ ಮಾಡಿದ್ದು ಇದನ್ನೇ ಇಟ್ಟುಕೊಂಡು. ಆಸ್ಕರ್ ಬಂದದ್ದರಿಂದ ಎಲ್ಲರಿಗೂ ನೆನಪಿರುವುದು ಅದು ಮಾತ್ರ, ಅಲ್ವಾ?

1984ರ ಸಿನಿಮಾ ‘ಕಂಫರ್ಟ್ ಅಂಡ್ ಜಾಯ್’ ಇನ್ನೊಂದು. ಕ್ರಿಸ್‌ಮಸ್ ಹತ್ತಿರ ಬಂದಾಗ ಗೆಳತಿ ಬಿಟ್ಟು ಹೋದ ರೇಡಿಯೊ ನಿರೂಪಕ ಗ್ಲಾಸ್ಗೋದ ಐಸ್‌ಕ್ರೀಂ ವ್ಯಾನಿನವರ ಜಗಳದಲ್ಲಿ ಸಿಕ್ಕಿಕೊಳ್ಳುತ್ತಾನೆ. ಪ್ಯಾಟರ್ಸನ್ನರೇ ನಾಯಕ. ನಗು ಬರುತ್ತದೆ, ಆದರೆ ಅದೇ ವರ್ಷ ಆ ಊರಿನಲ್ಲಿ ನಿಜವಾದ ಐಸ್‌ಕ್ರೀಂ ಜಗಳದಲ್ಲಿ ಒಂದು ಮನೆಗೆ ಬೆಂಕಿ ಇಟ್ಟು ಆರು ಜನ ಸತ್ತಿದ್ದರು ಎಂದು ಗೊತ್ತಾದ ಮೇಲೆ ಆ ನಗು ಮೊದಲಿನ ಹಾಗೆ ಇರಲ್ಲ. ಈ ಸಿನಿಮಾದಲ್ಲಿ ಅಲೆಕ್ಸ್ ನಾರ್ಟನ್ ಕೂಡ ಇದ್ದಾರೆ, ಅವರೂ 7:84ರ ಆ ನಾಟಕದಿಂದಲೇ ಬಂದವರು.

ಇನ್ನು ‘ಫ್ಲೀಬ್ಯಾಗ್’ ಅಪ್ಪ. ಒಂದು ಮಾತನ್ನೂ ಪೂರ್ತಿ ಮಾಡದ ಅಪ್ಪ. ಮಗಳ ಮೇಲೆ ಪ್ರೀತಿ ಇದೆ, ಹೇಳಲು ಬಾಯಿ ಬರಲ್ಲ, ಶುರು ಮಾಡಿ ತಡವರಿಸಿ ಎತ್ತಲೋ ನೋಡುತ್ತಾನೆ. ತನ್ನದೇ ಮದುವೆಯ ದಿನ ಅಟ್ಟದಲ್ಲಿ ಸಿಕ್ಕುತ್ತಾನಲ್ಲ, ಆ ದೃಶ್ಯ ಇನ್ನೊಂದು ಸಲ ನೋಡಿ. ಊರಿನ ಹಾಲ್‌ಗಳಲ್ಲಿ ಕೊನೆಯ ಸಾಲಿಗೂ ಕೇಳುವ ಹಾಗೆ ವರ್ಷಗಟ್ಟಲೆ ಮಾತಾಡಿದ ನಟ ಇಲ್ಲಿ ಅರ್ಧ ವಾಕ್ಯದಲ್ಲಿ ಕೆಲಸ ಮುಗಿಸುತ್ತಾರೆ.

7:84 ತಂಡದ ಕಥೆ ಏನಾಯಿತು ಅಂದರೆ, ಇಂಗ್ಲೆಂಡಿನ ಶಾಖೆಯ ಸರ್ಕಾರಿ ಅನುದಾನ ಎಂಬತ್ತರ ದಶಕದ ನಡುವೆ ನಿಂತಿತು. 1988ರಲ್ಲಿ ಸ್ಕಾಟ್ಲೆಂಡಿನದ್ದಕ್ಕೂ ಕತ್ತರಿ ಬಿತ್ತು, ಮೆಗ್ರಾತ್ ಹೊರನಡೆದರು. 2008ರಲ್ಲಿ ಅದೂ ಮುಚ್ಚಿತು. ನಟರನ್ನು ತಯಾರು ಮಾಡಿದ ಜಾಗ ಹೋಯಿತು, ಆ ನಟರನ್ನು ಟಿವಿಯವರು ಮಾತ್ರ ಚೆನ್ನಾಗಿ ಬಳಸಿಕೊಂಡರು.

ಮುಂದಿನ ಸಲ ಇಂಥ ಲೇಖನ ಹಾಕುವಾಗ ಇವರಿಗೂ ಒಂದು ಕಾಲಂ ಕೊಡಿ. ಜಾಗ ಇಲ್ಲ ಅನ್ನಬೇಡಿ, ನಾಯಕಿಯ ಫೋಟೋ ನಾಲ್ಕು ಕಾಲಂ ಅಗಲ ಇತ್ತು.

ನಿಮ್ಮ ಹಳೆಯ ಓದುಗ,
ಧಾರವಾಡ