ಅಮ್ಮಂಗೆ ಲಂಡನ್ನಿಂದ: ಡೊರೊಥಿ ರಿಚರ್ಡ್‌ಸನ್ ಅನ್ನೋ ಲೇಖಕಿ ಬಗ್ಗೆ

ಪ್ರೀತಿಯ ಅಮ್ಮಂಗೆ ನಮಸ್ಕಾರ,

ನಾನು ಇಲ್ಲಿ ಆರಾಮಾಗಿದೀನಿ. ಅಪ್ಪನ ಬಿಪಿ ಕಂಟ್ರೋಲಿಗೆ ಬಂದಿದೆ ಅಂತ ತಮ್ಮ ಮೆಸೇಜ್ ಮಾಡಿದ್ದ, ಓದಿ ಸಮಾಧಾನ ಆಯ್ತು. ಹೋದ್ಸಲ ಫೋನಲ್ಲಿ ನೀನು ಕೇಳಿದ್ಯಲ್ಲ, ಆಫೀಸ್ ಮುಗಿಸಿ ಬಂದು ಆ ರೂಮಲ್ಲಿ ಒಬ್ಳೇ ಏನ್ ಮಾಡ್ತೀಯ, ಬೇಜಾರಾಗಲ್ವಾ ಅಂತ, ಆಗ ಏನೋ ಒಂದು ಹೇಳಿ ಮುಗಿಸ್ಬಿಟ್ಟೆ, ಅದಕ್ಕೇ ಈಗ ಕೂತು ಬರೀತಿದೀನಿ. ಓದ್ತೀನಿ ಅಮ್ಮ. ಕೆಲವು ತಿಂಗಳಿಂದ ಒಬ್ಬ ಲೇಖಕೀನೇ ಓದ್ತಿದೀನಿ, ಡೊರೊಥಿ ರಿಚರ್ಡ್‌ಸನ್ ಅಂತ. ಎಂ.ಎ.ಲಿ ನಮಗೆ ಜೇಮ್ಸ್ ಜಾಯ್ಸ್, ವರ್ಜೀನಿಯಾ ವುಲ್ಫ್ ಎಲ್ಲಾ ವಾರಗಟ್ಲೆ ಪಾಠ ಆಗಿತ್ತು, ಇವಳ ಹೆಸರು ಮಾತ್ರ ನೋಟ್ಸಲ್ಲಿ ಒಂದೇ ಒಂದು ಸಾಲು.

ಅವಳು ಬರೆದಿದ್ದು ಒಂದೇ ಕಾದಂಬರಿ ಅನ್ಬಹುದು, ಹೆಸರು ‘ಪಿಲ್ಗ್ರಿಮೇಜ್’, ಆದ್ರೆ ಅದು 13 ಪುಸ್ತಕ. ಮೊದಲ್ನೇದು ‘ಪಾಯಿಂಟೆಡ್ ರೂಫ್ಸ್’ 1915ರಲ್ಲಿ ಬಂತು, ಅಂದ್ರೆ ಜಾಯ್ಸ್‌ನ ‘ಯುಲಿಸಿಸ್’ ಪುಸ್ತಕವಾಗೋಕೆ ಏಳು ವರ್ಷ ಮುಂಚೆ. 13 ಪುಸ್ತಕದಲ್ಲೂ ಮಿರಿಯಮ್ ಹೆಂಡರ್ಸನ್ ಅನ್ನೋ ಒಬ್ಬ ಹುಡುಗಿ ಮಾತ್ರ. ಅವಳು ಕಂಡಿದ್ದು, ಕೇಳಿಸ್ಕೊಂಡಿದ್ದು, ಅವಳ ತಲೇಲಿ ಓಡಿದ್ದು, ಅಷ್ಟೇ. ಅವಳಿಗೆ ಗೊತ್ತಿಲ್ದೇ ಇರೋದು ನಮಗೂ ಗೊತ್ತಾಗಲ್ಲ, ಪಕ್ಕಕ್ಕೆ ಬಂದು ವಿವರಿಸೋರು ಯಾರೂ ಇಲ್ಲ. ಹೀಗೆ ಮನಸ್ಸಲ್ಲಿ ಓಡೋದನ್ನ ಹಾಗೇ ಬರೆಯೋ ರೀತಿಗೆ ‘ಪ್ರಜ್ಞಾಪ್ರವಾಹ’ ಅಂತ ನಾವು ಪರೀಕ್ಷೇಲಿ ಬರೀತಿದ್ವಲ್ಲ, ಮನಶ್ಶಾಸ್ತ್ರದ ಆ ಮಾತನ್ನ ಕಾದಂಬರಿ ವಿಮರ್ಶೆಗೆ ತಂದಿದ್ದೇ 1918ರಲ್ಲಿ ಮೇ ಸಿಂಕ್ಲೇರ್ ಅನ್ನೋ ಲೇಖಕಿ ಇವಳ ಪುಸ್ತಕಗಳ ಬಗ್ಗೆ ಬರೆದಾಗ. ಡೊರೊಥಿಗೆ ಆ ಹೆಸರು ಒಂಚೂರೂ ಹಿಡಿಸ್ಲಿಲ್ಲ ಬಿಡು.

ಅವಳು ಹುಟ್ಟಿದ್ದು 1873ರಲ್ಲಿ, ಆಬಿಂಗ್ಡನ್ ಅನ್ನೋ ಊರಲ್ಲಿ, ನಾಲ್ಕು ಹೆಣ್ಣುಮಕ್ಕಳಲ್ಲಿ ಮೂರನೇಯವಳು. ಅವರಪ್ಪ ಮನೆತನದ ದಿನಸಿ ವ್ಯಾಪಾರ ಮಾರಿ ದೊಡ್ಡ ಮನುಷ್ಯರ ಥರ ಬದುಕೋಕೆ ಹೋಗಿ ಎಲ್ಲಾ ಕಳ್ಕೊಂಡ್ರು, 1893ರಲ್ಲಿ ದಿವಾಳಿ. ಅಷ್ಟರಲ್ಲಾಗ್ಲೇ ಇವಳು 17ನೇ ವಯಸ್ಸಿಗೆ ಜರ್ಮನಿಯ ಹ್ಯಾನೋವರ್‌ಗೆ ಹೋಗಿ ಒಂದು ಸ್ಕೂಲಲ್ಲಿ ಪಾಠ ಹೇಳಿ ಬಂದಿದ್ಲು. ಮೊದಲ ಪುಸ್ತಕ ಪೂರ್ತಿ ಅದೇ. ಆಮೇಲೆ ಅವರಮ್ಮ. ತುಂಬಾ ಖಿನ್ನತೆ ಇತ್ತು ಅವರಿಗೆ, 1895ರಲ್ಲಿ ಹೇಸ್ಟಿಂಗ್ಸ್ ಅನ್ನೋ ಸಮುದ್ರದ ಊರಿಗೆ ಗಾಳಿ ಬದಲಾಗ್ಲಿ ಅಂತ ಇವಳೇ ಕರ್ಕೊಂಡು ಹೋಗಿದ್ಲು, ಇವಳು ಸ್ವಲ್ಪ ಹೊತ್ತು ಹೊರಗೆ ಹೋಗಿದ್ದಾಗ ಅವರು ಜೀವ ತೆಕ್ಕೊಂಡ್ರು. ಓದಿ ನೀನು ನೊಂದ್ಕೋತೀಯ ಅಂತ ಗೊತ್ತಮ್ಮ, ಆದ್ರೆ ಇದನ್ನ ಬಿಟ್ಟು ಅವಳ ಕಥೆ ಹೇಳಕ್ಕಾಗಲ್ಲ. ಯಾಕಂದ್ರೆ ಕಾದಂಬರೀಲಿ ಅವಳು ಆ ಸಾವನ್ನ ನೇರವಾಗಿ ಹೇಳೋದೇ ಇಲ್ಲ! ಮೂರನೇ ಪುಸ್ತಕ ‘ಹನಿಕೂಂಬ್’ ಕೊನೇಲಿ ಏನೋ ಘೋರವಾದದ್ದು ಆಗಿದೆ ಅಂತ ನಮ್ಮ ಎದೆಗೆ ಗೊತ್ತಾಗತ್ತೆ, ಏನು ಅಂತ ಯಾರೂ ಹೇಳಲ್ಲ, ಪುಸ್ತಕ ಮುಗಿದೋಗತ್ತೆ. ನಾಲ್ಕನೇದು ‘ದ ಟನಲ್’ ಶುರುವಾದ್ರೆ ಮಿರಿಯಮ್ ಭಾರದ ಬ್ಯಾಗ್ ಹಿಡ್ಕೊಂಡು ಲಂಡನ್ನಿನ ಒಂದು ಬಾಡಿಗೆ ಮನೆಯ ಅಟ್ಟದ ರೂಮಿಗೆ ಮೆಟ್ಲು ಹತ್ತಿದಾಳೆ. ನಾನು ಆ ರಾತ್ರಿ ಪುಸ್ತಕ ಮುಚ್ಚಿಟ್ಟು ಸುಮಾರು ಹೊತ್ತು ಹಾಗೇ ಕೂತಿದ್ದೆ.

ಆ ರೂಮು ನಿಜವಾಗ್ಲೂ ಇತ್ತು, ಬ್ಲೂಮ್ಸ್‌ಬರಿಯ ಎಂಡ್‌ಸ್ಲೀ ಸ್ಟ್ರೀಟಲ್ಲಿ, 1896ರಲ್ಲಿ ಅವಳು ಬಂದು ಸೇರ್ಕೊಂಡಿದ್ದು. ಹಾರ್ಲೀ ಸ್ಟ್ರೀಟಿನ ಡೆಂಟಿಸ್ಟ್‌ಗಳ ಹತ್ರ ಕೆಲಸ, ವಾರಕ್ಕೆ 1 ಪೌಂಡ್ ಸಂಬಳ. ರೂಮಿನ ಬಾಡಿಗೆ, ಊಟ, ಬಟ್ಟೆ ಎಲ್ಲಾ ಅದರಲ್ಲೇ. ‘ದ ಟನಲ್’ನಲ್ಲಿ ಆ ಕೆಲಸದ ಒಂದು ದಿನ ಪುಟಗಟ್ಲೆ ಬರತ್ತೆ ಅಮ್ಮ, ಉಪಕರಣ ತೊಳೆದು ಒರೆಸಿ ಜೋಡಿಸೋದು, ಪೇಷಂಟ್‌ಗಳನ್ನ ಒಳಗೆ ಕಳಿಸೋದು, ಲೆಜರ್ ಬರೆಯೋದು, ಪತ್ರಗಳಿಗೆ ಉತ್ತರ, ಮಧ್ಯೆ ಡಾಕ್ಟ್ರು ಹೇಗೆ ನೋಡಿದ್ರು, ಅದಕ್ಕೆ ಇವಳಿಗೆ ಮನಸ್ಸಲ್ಲಿ ಏನಾಯ್ತು, ಮತ್ತೆ ಲೆಜರ್. ನಮ್ಮಂಥೋರ ಕೆಲಸದ ದಿನಾನ ಸಾಹಿತ್ಯ ಅಂತ ಯಾರಾದ್ರೂ ಇಷ್ಟು ಗೌರವದಿಂದ ಬರೆದಿದ್ದು ನಾನಂತೂ ಓದಿರಲಿಲ್ಲ. ಸಂಜೆ ಅಗ್ಗದ ಟೀ ಅಂಗಡೀಲಿ ಬೇಯಿಸಿದ ಮೊಟ್ಟೆ, ಬೆಣ್ಣೆ ಹಚ್ಚಿದ ರೋಲ್ ತಿಂದು ಲಂಡನ್ನಿನ ಬೀದೀಲಿ ನಡ್ಕೊಂಡು ಬರ್ತಾಳೆ, ಸೈಕಲ್ ಕಲೀತಾಳೆ, ಸಿಗರೇಟ್ ಸೇದ್ತಾಳೆ (ಅಪ್ಪಂಗೆ ಓದಿ ಹೇಳುವಾಗ ಇದನ್ನ ಬಿಡ್ಬೇಡ, ಅವಳ ಕಾಲದಲ್ಲಿ ಅದಕ್ಕೆ ಎಷ್ಟು ಧೈರ್ಯ ಬೇಕಿತ್ತು ಅಂತ ಅವರಿಗೂ ಗೊತ್ತಾಗ್ಲಿ). ವಾಪಸ್ ಬಂದು ಬಾಗ್ಲು ಹಾಕ್ಕೊಂಡ್ರೆ ಆ ರೂಮು ಅವಳದ್ದು, ಚಳಿ, ಧೂಳು, ಬಡತನ ಎಲ್ಲಾ ಇದ್ರೂ ಅವಳಿಗೆ ಅಲ್ಲಿ ಖುಷಿ ಇದೆ, ನಿಜವಾದ ಖುಷಿ. ನೀನು ಬೇಜಾರಾಗಲ್ವಾ ಅಂದಾಗ ನಾನು ಹೇಳ್ಬೇಕಾಗಿದ್ದಿದ್ದು ಇದೇ ಅಮ್ಮ. ಒಂಟಿತನ ಇರತ್ತೆ ಕೆಲವು ದಿನ, ಆದ್ರೆ ಅದರ ಜೊತೇಲೇ ಇದೂ ಇರತ್ತೆ.

ಎಂಡ್‌ಸ್ಲೀ ಸ್ಟ್ರೀಟ್ ನಮ್ಮ ಆಫೀಸಿಂದ ದೂರ ಇಲ್ಲ, ಊಟದ ಹೊತ್ತಲ್ಲಿ ಹೋಗಿ ಬಂದೆ. ಹತ್ರದಲ್ಲೇ ವೋಬರ್ನ್ ವಾಕ್ ಅಂತ ಸಣ್ಣ ಓಣಿ ಇದೆ, ಅಲ್ಲೂ ಅವಳು ಸ್ವಲ್ಪ ಕಾಲ ಇದ್ಲು, ಎದುರು ಮನೇಲಿ ಕವಿ ಯೇಟ್ಸ್. ಮೊದಲ ಪುಸ್ತಕಕ್ಕೆ ನೂರು ವರ್ಷ ತುಂಬಿದ 2015ರಲ್ಲಿ ಅಲ್ಲಿ ಅವಳ ಹೆಸರಿನ ಫಲಕ ಹಾಕಿದಾರೆ. ನೂರು ವರ್ಷ ಬೇಕಾಯ್ತು ನೋಡು.

ಎಚ್.ಜಿ. ವೆಲ್ಸ್ ವಿಷ್ಯಾನೂ ಹೇಳ್ಬೇಕು. ಅವಳ ಸ್ಕೂಲ್ ಫ್ರೆಂಡ್‌ನ ಗಂಡ ಆತ, ಆಗ್ಲೇ ದೊಡ್ಡ ಲೇಖಕ, ಅವರಿಬ್ಬರಿಗೂ ಸಂಬಂಧ ಇತ್ತು, 1907ರಲ್ಲಿ ಅವಳು ಬಸುರಾಗಿ ಅದು ನಿಲ್ಲಲಿಲ್ಲ. ಅದರ ಸರಿ ತಪ್ಪು ನಾನು ಹೇಳಲ್ಲ. ನಂಗೆ ಮುಖ್ಯ ಅನ್ಸಿದ್ದು ಬೇರೆ: ಕಾದಂಬರೀಲಿ ಆತ ಹೈಪೋ ವಿಲ್ಸನ್ ಅನ್ನೋ ಹೆಸರಲ್ಲಿ ಬರ್ತಾನೆ, ನೀನು ಬರೀಬೇಕು, ಹಿಂಗ್ ಬರಿ ಹಂಗ್ ಬರಿ ಅಂತ ಹೇಳ್ತಾನೇ ಇರ್ತಾನೆ, ಮಿರಿಯಮ್ ಕೇಳಿಸ್ಕೋತಾಳೆ, ಅವನ ಬುದ್ಧಿವಂತಿಕೆ ಅವಳಿಗೆ ಇಷ್ಟಾನೂ ಹೌದು, ಆದ್ರೂ ಅವನ ದಾರಿ ಹಿಡಿಯಲ್ಲ. ಡೊರೊಥೀನೂ ಹಿಡೀಲಿಲ್ಲ. ಗಂಡಸರು ಬರೆಯೋ ವಾಸ್ತವವಾದಕ್ಕೆ ಸಮನಾಗಿ ಹೆಂಗಸರದ್ದೇ ಒಂದು ಬೇಕು ಅಂತ ಅವಳ ಹಟ, ‘ಪಿಲ್ಗ್ರಿಮೇಜ್’ಗೆ 1938ರಲ್ಲಿ ಬರೆದ ಮುನ್ನುಡೀಲಿ ಅದನ್ನ ಸ್ಪಷ್ಟವಾಗಿ ಬರೆದಿದಾಳೆ. ಅದಕ್ಕೇ ಆ ಉದ್ದುದ್ದ ವಾಕ್ಯಗಳು, ಮಧ್ಯೆ ಮಧ್ಯೆ ಬರೀ ಚುಕ್ಕಿಗಳು. ಓದೋದು ಸುಲಭ ಅಲ್ಲ, ಕೆಲವು ಕಡೆ ಯಾರು ಮಾತಾಡ್ತಿದಾರೆ ಅಂತಾನೇ ಗೊತ್ತಾಗಲ್ಲ, ಮಧ್ಯದ ಪುಸ್ತಕಗಳಲ್ಲಿ ಚರ್ಚೆಗಳು ಜಾಸ್ತಿ ಎಳೆಯತ್ತೆ. ಆದ್ರೆ ವುಲ್ಫ್ ಅಂಥ ವುಲ್ಫೇ 1923ರಲ್ಲಿ ವಿಮರ್ಶೆ ಬರೀತಾ ಈಕೆ ಹೆಣ್ಣಿನ ಮನಸ್ಸಿಗೆ ಒಗ್ಗೋ ವಾಕ್ಯಾನ ಕಂಡ್ಕೊಂಡಿದಾಳೆ ಅನ್ನೋ ಅರ್ಥದಲ್ಲಿ ಹೇಳಿದ್ಲು.

44ನೇ ವಯಸ್ಸಲ್ಲಿ, 1917ರಲ್ಲಿ, ಆಲನ್ ಓಡ್ಲ್ ಅನ್ನೋ ಚಿತ್ರಕಾರನ್ನ ಮದುವೆಯಾದ್ಲು, ಅವನು ಇವಳಿಗಿಂತ 15 ವರ್ಷ ಚಿಕ್ಕೋನು, ಕ್ಷಯ ಬೇರೆ, ಜಾಸ್ತಿ ದಿನ ಇರಲ್ಲ ಅಂತಿದ್ರು. 1948ರ ತನಕ ಇದ್ದ! ಅವಳೇ ನೋಡ್ಕೊಂಡಿದ್ದು. ಚಳಿಗಾಲ ಕಾರ್ನ್‌ವಾಲ್‌ನ ಬಾಡಿಗೆ ಮನೆಗಳಲ್ಲಿ, ಬೇಸಿಗೆ ಲಂಡನ್ನಲ್ಲಿ, ಅಡಿಗೆ, ಲೆಕ್ಕ, ಸಾಮಾನು ಕಟ್ಟೋದು ಬಿಚ್ಚೋದು ಎಲ್ಲಾ ಇವಳ ಮೇಲೇ, ದುಡ್ಡಿಗೆ ಅಂತ ಅನುವಾದ, ಸಿನಿಮಾ ಬಗ್ಗೆ ಲೇಖನ, ಉಳಿದ ಹೊತ್ತಲ್ಲಿ ಕಾದಂಬರಿ. ಪುಸ್ತಕಗಳು ನಿಧಾನ ಆಗಿದ್ದಕ್ಕೆ ವಿಮರ್ಶಕರು ಏನೇನೋ ಕಾರಣ ಹುಡುಕ್ತಾರೆ, ನೀನಾದ್ರೆ ಒಂದೇ ಕ್ಷಣದಲ್ಲಿ ಹೇಳ್ಬಿಡ್ತೀಯ.

1938ರಲ್ಲಿ ಪ್ರಕಾಶಕರು ಅಲ್ಲಿ ತನಕದ 12 ಪುಸ್ತಕ ಸೇರಿಸಿ ನಾಲ್ಕು ಸಂಪುಟ ತಂದು, ಕಾದಂಬರಿ ಮುಗೀತು ಅನ್ನೋ ಥರ ಮಾಡಿದ್ರು. ಅವಳು ಮುಗಿಸಿರಲಿಲ್ಲ. 65 ವರ್ಷ ಆಗ. ಓದೋರು ಕಮ್ಮಿಯಾಗಿದ್ರು, ಯುದ್ಧ ಬಂತು, ಆದ್ರೂ 13ನೇದನ್ನ ಬರೀತಾನೇ ಇದ್ಲು. 1957ರಲ್ಲಿ ತೀರ್ಕೊಂಡ್ಲು, ಅದು ಅಚ್ಚಾಗಿದ್ದು 1967ರಲ್ಲಿ. ಅದನ್ನ ನಾನಿನ್ನೂ ಶುರು ಮಾಡಿಲ್ಲ, ಮುಗಿದೋಗತ್ತಲ್ಲ ಅಂತ ಸಂಕಟ.

ಭಾನುವಾರ ಫೋನ್ ಮಾಡಿದಾಗ ಆ ಡೆಂಟಿಸ್ಟ್ ಆಫೀಸಿನ ದಿನಾನ ಕನ್ನಡದಲ್ಲೇ ಹೇಳ್ತೀನಿ, ಅಪ್ಪನ್ನೂ ಕೂರಿಸ್ಕೊಂಡು ಸ್ಪೀಕರ್ ಹಾಕು. ಇನ್ನೊಂದು ಅಮ್ಮ, ಮದುವೆಗೆ ಮುಂಚೆ ನೀನು ಬ್ಯಾಂಕ್ ಕೆಲಸಕ್ಕೆ ಅಂತ ಲೇಡೀಸ್ ಹಾಸ್ಟೆಲಲ್ಲಿ ಒಬ್ಳೇ ಇದ್ಯಲ್ಲ, ಅಲ್ಲಿ ಊಟ ಚೆನ್ನಾಗಿರ್ಲಿಲ್ಲ ಅನ್ನೋದು ಬಿಟ್ರೆ ನಂಗೆ ಏನೂ ಗೊತ್ತಿಲ್ಲ. ಸಂಜೆ ರೂಮಿಗೆ ಬಂದು ನೀನು ಏನ್ ಮಾಡ್ತಿದ್ದೆ, ಏನ್ ಯೋಚಿಸ್ತಿದ್ದೆ, ಕಿಟಕೀಲಿ ಏನ್ ಕಾಣ್ತಿತ್ತು, ನೆನಪಿದ್ದಷ್ಟು ಬರೆದು ಕಳ್ಸು. ಟೈಪ್ ಮಾಡಕ್ಕೆ ಕಷ್ಟ ಆದ್ರೆ ಕೈಲಿ ಬರೆದು ತಮ್ಮಂಗೆ ಕೊಡು, ಫೋಟೋ ತೆಗೆದು ಕಳಿಸ್ತಾನೆ.

ಅಪ್ಪಂಗೆ, ಅಜ್ಜಿಗೆ ನಮಸ್ಕಾರ ಹೇಳು.

ನಿನ್ನ ಮಗಳು