ಹಾಸ್ಯ ಕಾಮಿಕ್ಸ್‌ನ ಪುಟ ಕತ್ತರಿಸಬೇಡಿ

ಮಾನ್ಯರೇ,

ಚಾಚಾ ಚೌಧರಿ, ಬಿಲ್ಲೂ, ಪಿಂಕಿ, ಬಾಂಕೇಲಾಲ್‌ ಮುಂತಾದ ಹಳೆಯ ಹಿಂದಿ ಹಾಸ್ಯ ಕಾಮಿಕ್ಸ್‌ಗಳು ಈಗ ಮೊಬೈಲ್, ಟ್ಯಾಬ್‌ಗಳಲ್ಲಿ ಓದಲು ಸಿಗುತ್ತಿರುವುದು ನನ್ನಂಥವರಿಗೆ ಹಬ್ಬವೇ ಸರಿ. ತಂದೆಯವರ ರೈಲ್ವೆ ನೌಕರಿಯಿಂದಾಗಿ ನಾನು ಬೆಳೆದದ್ದು ಝಾನ್ಸಿಯಲ್ಲಿ. ಹಿಂದಿ ಓದು ಸಲೀಸಾದದ್ದು ಪಠ್ಯಪುಸ್ತಕಕ್ಕಿಂತ ಹೆಚ್ಚಾಗಿ ಬಾಡಿಗೆಗೆ ತಂದ ಈ ಪುಸ್ತಕಗಳಿಂದಲೇ. ಅಂದು ಸಂಜೆಯೊಳಗೆ ಅಂಗಡಿಗೆ ಮರಳಿಸಬೇಕಿತ್ತು, ಈಗ ಹುಬ್ಬಳ್ಳಿಯ ಮನೆಯಲ್ಲಿ ಕುಳಿತು ಸಾವಕಾಶವಾಗಿ ಓದುತ್ತಿದ್ದೇನೆ. ಇವನ್ನು ಡಿಜಿಟಲ್ ರೂಪಕ್ಕೆ ತರುವವರಲ್ಲಿ ನನ್ನದೊಂದು ಬಿನ್ನಹವಿದೆ.

ಕೆಲವು ಆ್ಯಪ್‌ಗಳು ಪುಟವನ್ನು ಇಡಿಯಾಗಿ ಕೊಡದೆ ಚೌಕಟ್ಟುಗಳನ್ನು ಬಿಡಿಬಿಡಿಯಾಗಿ ಕತ್ತರಿಸಿ, ಒಂದರ ಕೆಳಗೊಂದು ಜೋಡಿಸುತ್ತಿವೆ. ಮೊಬೈಲ್ ಪರದೆ ಚಿಕ್ಕದು, ಅಕ್ಷರ ಕಾಣಬೇಕಲ್ಲ ಎಂಬ ಕಾರಣ ಅರ್ಥವಾಗುತ್ತದೆ. ಆದರೆ ಹಾಸ್ಯ ಕಾಮಿಕ್ಸ್‌ನ ಜೀವ ಇರುವುದೇ ಪುಟದ ಜೋಡಣೆಯಲ್ಲಿ. ಚಾಚಾ ಚೌಧರಿಯನ್ನು ಸೃಷ್ಟಿಸಿದ ವ್ಯಂಗ್ಯಚಿತ್ರಕಾರ ಪ್ರಾಣ್ ಅವರ ಸಾಬು, ಚಾಚಾನ ಜೊತೆಗಾರ, ಗುರುಗ್ರಹದಿಂದ ಬಂದ ದೈತ್ಯ. ಅವನಿಗೆ ಸಿಟ್ಟು ಬಂದರೆ ಎಲ್ಲೋ ಒಂದು ಜ್ವಾಲಾಮುಖಿ ಸಿಡಿಯುತ್ತದೆ. ಜಗಳದ ಚಿತ್ರಗಳ ನಡುವೆ ಆ ಬೆಂಕಿಗುಡ್ಡ ದಿಢೀರನೆ ಬಂದು ಕೂತಿರುತ್ತದೆ. ಅದರ ಅಕ್ಕಪಕ್ಕದಲ್ಲೇ ಕೆಂಪು ರುಮಾಲಿನ, ಬಿಳಿ ಮೀಸೆಯ ಚಾಚಾಜಿ ಕೋಲು ಹಿಡಿದು ತಣ್ಣಗೆ ನಿಂತಿರುವುದನ್ನು ಒಂದೇ ನೋಟದಲ್ಲಿ ಕಂಡರೆ ನಗು ಉಕ್ಕುತ್ತದೆ. ಜ್ವಾಲಾಮುಖಿಯೊಂದೇ ಪರದೆಯ ತುಂಬ ಬಂದರೆ ಅದು ಬರೀ ಬೆಟ್ಟದ ಚಿತ್ರ.

ರಾಜ್ ಕಾಮಿಕ್ಸ್ ಪ್ರಕಾಶನದ ಬಾಂಕೇಲಾಲ್‌ಗಂತೂ ಇನ್ನೂ ದೊಡ್ಡ ಅನ್ಯಾಯವಾಗುತ್ತಿದೆ. ಶಿವನಿಗೆ ಕೊಡುವ ಹಾಲಿಗೆ ಕಪ್ಪೆ ಹಾಕಿ ಶಾಪಕ್ಕೆ ಗುರಿಯಾದ ಹುಡುಗ ಅವನು. ಯಾರಿಗೆ ಕೇಡು ಬಗೆದರೂ ಅವರಿಗೆ ಒಳ್ಳೆಯದೇ ಆಗಬೇಕೆಂಬುದು ಆ ಶಾಪ. ವಿಶಾಲಗಢದ ರಾಜ ವಿಕ್ರಮಸಿಂಹನನ್ನು ಮುಗಿಸಿ ಸಿಂಹಾಸನ ಏರಲು ಅವನು ಹೂಡುವ ಒಂದೊಂದು ಸಂಚೂ ರಾಜನನ್ನೇ ಕಾಪಾಡುತ್ತದೆ. ರಾಜ ಹಾಡಿ ಹೊಗಳುತ್ತಾನೆ, ಬಾಂಕೇಲಾಲ್ ಒಳಗೊಳಗೇ ಕುದಿಯುತ್ತಾನೆ. ಹೊರಗಿನ ಹೊಗಳಿಕೆ ಮತ್ತು ಒಳಗಿನ ಕುದಿತ ಎರಡೂ ಕಣ್ಣಿಗೆ ಒಟ್ಟಿಗೆ ಬೀಳಬೇಕು. ಚಿತ್ರಕಾರ ಜಿತೇಂದ್ರ ಬೇಡಿ ಅವರು ಗೆರೆಗಳಲ್ಲಿ ತೋರಿದ ಈ ಜಾಣ್ಮೆಗೆ ಕತ್ತರಿ ಹಾಕಿದರೆ ಉಳಿಯುವುದು ಬರೀ ಕಥೆಯ ಸಾರಾಂಶ.

ಚೌಕಟ್ಟು ದೊಡ್ಡದು ಮಾಡಿ ನೋಡುವ ಸೌಲಭ್ಯ ಇರಲಿ, ಬೇಡವೆನ್ನುವುದಿಲ್ಲ. ಆದರೆ ಮೂಲ ಪುಟವೂ ಸಿಗಲಿ. ರಕ್ಷಾಪುಟ, ಲೇಖಕರು, ಚಿತ್ರಕಾರರು, ಸಂಭಾಷಣೆಯ ಅಕ್ಷರ ಬರೆದವರ ಹೆಸರುಗಳಿರುವ ಸಾಲನ್ನಂತೂ ದಯವಿಟ್ಟು ತೆಗೆಯಬೇಡಿ. ಪ್ರಾಣ್ ಅವರ ಹೆಸರು ಎಲ್ಲರಿಗೂ ಗೊತ್ತು. 2014ರಲ್ಲಿ ತೀರಿಕೊಂಡ ಅವರಿಗೆ ಮರುವರ್ಷ ಪದ್ಮಶ್ರೀ ಸಂದಿತು. ಅಷ್ಟು ಹೆಸರು ಮಾಡದೆ ದುಡಿದವರ ಗುರುತು ಉಳಿದಿರುವುದು ಆ ಒಂದು ಸಾಲಿನಲ್ಲಿ ಮಾತ್ರ.

ಪುಕ್ಕಟೆ ಪಿಡಿಎಫ್ ಹಂಚುವ ಅಭಿಮಾನಿಗಳಿಗೂ ಒಂದು ಮಾತು. ಅಚ್ಚು ನಿಂತ ಎಷ್ಟೋ ಸಂಚಿಕೆಗಳು ನೀವು ಜತನವಾಗಿ ಸ್ಕ್ಯಾನ್ ಮಾಡಿದ್ದರಿಂದ ಉಳಿದಿವೆ, ಅದು ಸುಳ್ಳಲ್ಲ. ಆದರೆ ಪ್ರಕಾಶಕರೇ ಮಾರುತ್ತಿರುವುದನ್ನು ಕೊಂಡು ಓದೋಣ. ಕೊಳ್ಳುವವರಿದ್ದರೆ ತಾನೇ ಅವರು ಉಳಿದ ಸಂಚಿಕೆಗಳನ್ನೂ ಹೊರತಂದಾರು?

ಕೊನೆಯದಾಗಿ, ನಮ್ಮ ರಾಜ್ಯದ ಸಾರ್ವಜನಿಕ ಗ್ರಂಥಾಲಯ ಇಲಾಖೆಯ ಡಿಜಿಟಲ್ ಗ್ರಂಥಾಲಯಕ್ಕೂ ಈ ಪ್ರಕಾಶಕರಿಂದ ಹಕ್ಕು ಪಡೆದು ಒಂದಷ್ಟು ಕಾಮಿಕ್ಸ್ ಸೇರಿಸಬಹುದು. ಶಾಲೆಯಲ್ಲಿ ಹಿಂದಿ ಕಲಿಯುವ ಮಕ್ಕಳಿಗೆ ಸುಲಭ ವಾಕ್ಯಗಳ ಬಿಲ್ಲೂ, ಪಿಂಕಿ ತಕ್ಕ ಓದು. ಕೆಲವೇ ಪುಟಗಳಲ್ಲಿ ಮುಗಿಯುವ ಕಥೆಗಳಾದ್ದರಿಂದ ತರಗತಿಯಲ್ಲಿ ಗಟ್ಟಿಯಾಗಿ ಓದಿಸಲೂ ಬರುತ್ತದೆ. ಇಲಾಖೆಯವರು ಇದನ್ನು ಪರಿಶೀಲಿಸಲಿ.

– ಓದುಗ, ಹುಬ್ಬಳ್ಳಿ