ಮಬ್ಬು ಶುರುವಾಯಿತು ಅಂತ ಹೇಳುವವರು ಯಾರು?

ಮಂಡ್ಯ

ಪ್ರೀತಿಯ ಪುಟ್ಟಿಗೆ ದೊಡ್ಡಪ್ಪನ ಆಶೀರ್ವಾದಗಳು.

ಇಲ್ಲಿ ಎಲ್ಲರೂ ಕ್ಷೇಮ. ನೀನು ಕಳಿಸಿದ ಕಥೆಯನ್ನು ಪ್ರಿಂಟ್ ಹಾಕಿಸಿಕೊಂಡು ಓದಿದೆ. ಚೆನ್ನಾಗಿದೆ ಅಂತ ಒಂದೇ ಮಾತಲ್ಲಿ ಮುಗಿಸಬಹುದಿತ್ತು. ಆದರೆ "ಸುಮ್ನೆ ಹೊಗಳಬೇಡಿ ದೊಡ್ಡಪ್ಪ" ಅಂತ ನೀನೇ ಬರೆದಿದ್ದೀಯ. ಹಾಗಾಗಿ ಪತ್ರ ಉದ್ದ ಆಗುತ್ತದೆ, ಬೇಜಾರು ಮಾಡಿಕೊಳ್ಳಬೇಡ.

ನಿನ್ನ ಮಬ್ಬುಗಾಲದ ಬಗ್ಗೆ ನನಗೆ ತಕರಾರಿಲ್ಲ. 40 ವರ್ಷಕ್ಕೊಮ್ಮೆ ಧೂಳಿನ ದೊಡ್ಡ ತಟ್ಟೆಯೊಂದು ನಿನ್ನ ಕಥೆಯ ಲೋಕದ ಸೂರ್ಯನಿಗೆ ಅಡ್ಡ ಬರುತ್ತದೆ, ಒಂದೂವರೆ ವರ್ಷ ಬೆಳಕು ಅರ್ಧಕ್ಕೆ ಇಳಿಯುತ್ತದೆ. ಇಂಥದ್ದು ಎಲ್ಲಾದರೂ ಉಂಟಾ ಅಂತ ಯಾರಾದರೂ ನಕ್ಕರೆ, ಬ್ರಹ್ಮಹೃದಯ (ಕ್ಯಾಪೆಲ್ಲಾ) ನಕ್ಷತ್ರದ ಪಕ್ಕದಲ್ಲಿರುವ ಎಪ್ಸಿಲಾನ್ ಅರೈಗೆ ನಕ್ಷತ್ರವನ್ನು ತೋರಿಸು. ಅದು 27 ವರ್ಷಕ್ಕೊಮ್ಮೆ ಹೀಗೇ ಮಂಕಾಗುತ್ತದೆ, ಹತ್ತಿರ ಹತ್ತಿರ ಎರಡು ವರ್ಷ ಹಾಗೇ ಇರುತ್ತದೆ. 2009ರಲ್ಲಿ ಶುರುವಾಗಿ 2011ರಲ್ಲಿ ಬಿಟ್ಟಿತು. ಕಾರಣ ನೀನು ಬರೆದದ್ದೇ: ಜೊತೆಗಾರ ನಕ್ಷತ್ರದ ಸುತ್ತ ಇರುವ ಧೂಳಿನ ತಟ್ಟೆ.

ತಕರಾರು ಇರೋದು ಅದರ ಕೆಳಗೆ ಬದುಕುವವರ ಬಗ್ಗೆ. ಮಬ್ಬು ಬಂದರೆ ಕಣಿವೆಯವರು ಆಕಾಶಕ್ಕೆ ಅಡ್ಡಬೀಳುತ್ತಾರೆ. ಕಡಲಿನವರೂ ಅಡ್ಡಬೀಳುತ್ತಾರೆ. ನೆಲದಡಿಯ ಕಣ್ಣಿಲ್ಲದ ಜನ ಕೂಡ ಹೊರಗೆ ಬಂದು ಅಡ್ಡಬೀಳುತ್ತಾರೆ! ಬೇರೆ ಲೋಕದವರು ಅಂದಮಾತ್ರಕ್ಕೆ ಮೂರು ಹೊತ್ತೂ ಆಕಾಶ ನೋಡಿಕೊಂಡು ಕೂರುತ್ತಾರಾ? ಅವರಿಗೂ ಹೊಟ್ಟೆ ಇದೆ, ಸಾಲ ಇದೆ, ಮದುವೆಗೆ ಬಂದ ಮಕ್ಕಳಿದ್ದಾರೆ.

1980ರ ಫೆಬ್ರವರಿ 16ರ ಸೂರ್ಯಗ್ರಹಣ ನನಗೆ ನೆನಪಿದೆ. ಅಂಕೋಲಾ, ರಾಯಚೂರು ಕಡೆ ಪೂರ್ತಿ ಹಿಡಿದಿತ್ತು, ನಮ್ಮಲ್ಲಿ ಪೂರ್ತಿ ಅಲ್ಲ. ಬೀದಿಯಲ್ಲಿ ನರಪಿಳ್ಳೆ ಇರಲಿಲ್ಲ. ಅಜ್ಜಿ ಮಜ್ಜಿಗೆಗೂ ಉಪ್ಪಿನಕಾಯಿ ಜಾಡಿಗೂ ದರ್ಭೆ ಹಾಕಿ ಕದ ಮುಚ್ಚಿದರು. ಆದರೆ ಆಲೆಮನೆಯಲ್ಲಿ ಕೊಪ್ಪರಿಗೆ ತುಂಬ ಕಬ್ಬಿನ ಹಾಲು ಕುದಿಯುತ್ತಿತ್ತು. ಬಿಟ್ಟು ಹೋದರೆ ತಳ ಹಿಡಿದು ಅಷ್ಟೂ ಹಾಳು. ಇಬ್ಬರು ಆಳುಗಳು ತಲೆ ಮೇಲೆ ಒದ್ದೆ ಟವೆಲ್ ಹಾಕಿಕೊಂಡು, ಆಕಾಶಕ್ಕೆ ಬೆನ್ನು ತಿರುಗಿಸಿ ಪಾಕ ತಿರುವುತ್ತಿದ್ದರು. ಒಬ್ಬ ರಾಮ ರಾಮ ಅನ್ನುತ್ತಿದ್ದ. ಇನ್ನೊಬ್ಬ ಗ್ರಹಣದ ದಿನದ ಕೂಲಿ ಡಬಲ್ ಆಗಬೇಕು ಅಂತ ನಮ್ಮ ತಾತನ ಹತ್ತಿರ ಜಗಳ ತೆಗೆದಿದ್ದ. ತಾತ ಒಂದೂವರೆ ಪಾಲಿಗೆ ಒಪ್ಪಿಸಿದರು. ನಿನ್ನ ಕಥೆಯಲ್ಲಿ ನನಗೆ ಆ ಎರಡನೆಯವನು ಬೇಕು ಕಣಮ್ಮ.

ನಮ್ಮ ರೈತರು ನಕ್ಷತ್ರವನ್ನು ಹೇಗೆ ಇಟ್ಟುಕೊಂಡಿದ್ದಾರೆ ನೋಡು. "ಮಘೆ ಮಳೆ ಬಂದಷ್ಟೂ ಒಳ್ಳೇದು, ಮನೆಮಗ ಉಂಡಷ್ಟೂ ಒಳ್ಳೇದು" ಅನ್ನುವವರಿಗೆ ಮಘಾ ಆಕಾಶದಲ್ಲಿ ಎಲ್ಲಿದೆ ಅಂತ ಗೊತ್ತಿರಲೇಬೇಕು ಅಂತಿಲ್ಲ. 2019ರ ಕೊನೆಯಲ್ಲಿ ಆರಿದ್ರಾ ನಕ್ಷತ್ರ ಇದ್ದಕ್ಕಿದ್ದಂತೆ ಮಂಕಾಯಿತು. ಸಿಡಿದೇ ಹೋಗುತ್ತದಾ ಅಂತ ಲೋಕವೆಲ್ಲ ಮಾತಾಡಿತು. ಕೊನೆಗೆ ಅದು ತಾನೇ ಉಗುಳಿದ ಧೂಳು ಅಂತಾಯಿತು. ನಮ್ಮ ಕಡೆಯವರು ಮಾತ್ರ ಎಂದಿನ ಹಾಗೆ ಜೂನ್‌ನಲ್ಲಿ ಆರಿದ್ರ ಮಳೆಗೆ ಕಾದರು.

ಈಗ ಕಣಿವೆಯವರಿಗೆ ಬಾ. ಬೆಳಕು ಅರ್ಧ ಆದರೆ ಬೆಳೆ ಎಲ್ಲಿಂದ ಬರುತ್ತದೆ? 1815ರಲ್ಲಿ ಇಂಡೋನೇಷ್ಯಾದ ತಂಬೋರಾ ಜ್ವಾಲಾಮುಖಿ ಸಿಡಿದಾಗ ಬಿಸಿಲು ಸ್ವಲ್ಪವೇ ಕಮ್ಮಿಯಾಗಿದ್ದು. ಅಷ್ಟಕ್ಕೇ ಮರುವರ್ಷ ಯುರೋಪಿನಲ್ಲಿ ಬೆಳೆ ಕೈಕೊಟ್ಟು ಜನ ಹಸಿದರು. ನಿನ್ನ ಕಣಿವೆಯಲ್ಲಿ ಹತ್ತು ವರ್ಷ ಮೊದಲೇ ಕಣಜ ತುಂಬಿಸುವ ಕೆಲಸ ಶುರುವಾಗಿರಬೇಕು. ಕಾಳು ಇದ್ದವನು ಸಾಹುಕಾರ. ಮಬ್ಬುಗಾಲದಲ್ಲಿ ಬಡ್ಡಿ ಓಡಬಾರದು ಅಂತ ಅಲ್ಲೊಂದು ಕಟ್ಟಳೆ ಇಡು. ಆಮೇಲೆ ತಮಾಷೆ ನೋಡು. ಧೂಳಿನ ತಟ್ಟೆಯ ಅಂಚು ತೆಳು, ಬೆಳಕು ಒಂದೇ ದಿನಕ್ಕೆ ಇಳಿಯುವುದಿಲ್ಲ, ತಿಂಗಳುಗಟ್ಟಲೆ ಹಿಡಿಯುತ್ತದೆ. ಮಬ್ಬು ಶುರುವಾಯಿತು ಅಂತಾನೆ ಸಾಲಗಾರ. ಎಲ್ಲಿ, ಇನ್ನೂ ಇಲ್ಲ ಅಂತಾನೆ ಸಾಹುಕಾರ. ಹಾಗಾದರೆ ಹೇಳುವವರು ಯಾರು? ಬೆಳಕು ಅಳೆಯುವುದಕ್ಕೆ ಅಂತಲೇ ಒಬ್ಬಳು ಇರಬೇಕು. ಇಲ್ಲಿ ಪೇಪರ್ ಕೈಗೆ ಬಂದ ತಕ್ಷಣ ಕೆಆರ್‌ಎಸ್ ಮಟ್ಟ ಎಷ್ಟು ಅಂತ ನೋಡುತ್ತೇವಲ್ಲ, ತುಂಬಿದರೆ 124.80 ಅಡಿ, ನಾಲೆಗೆ ನೀರು ಬಿಡುತ್ತಾರಾ, ಭತ್ತ ನಾಟಿ ಮಾಡಬಹುದಾ ಅನ್ನೋದೆಲ್ಲ ಆ ಅಂಕಿ ಮೇಲೆ. ಅವಳು ಬರೆಯುವ ಅಂಕಿಗೂ ಕಣಿವೆಯೆಲ್ಲ ಕಾಯುತ್ತಿರಲಿ. ಸಾಹುಕಾರ ಅವಳ ಮನೆಗೆ ರಾತ್ರಿ ಬುಟ್ಟಿ ಕಳಿಸಲಿ. ಅವಳು ಏನು ಮಾಡುತ್ತಾಳೆ ಅನ್ನೋದನ್ನ ನಾನು ಹೇಳುವುದಿಲ್ಲ, ನಿನ್ನ ಕಥೆ.

ಕಣ್ಣಿಲ್ಲದವರಿಗೆ ಮಬ್ಬು ಅಂದರೆ ಕತ್ತಲೆ ಅಲ್ಲ, ಚಳಿ. ಅದೂ ತಡವಾಗಿ. ನಮ್ಮ ನೆಲದಲ್ಲೂ ಬೇಸಿಗೆಯ ಬಿಸಿ ಕೆಲವು ಮೀಟರ್ ಆಳಕ್ಕೆ ಇಳಿಯೋಕೆ ತಿಂಗಳುಗಟ್ಟಲೆ ಬೇಕು. ಮೇಲಿನವರು ಕದ ಹಾಕಿಕೊಂಡು ಕೂತಾಗ ಇವರು ಆರಾಮಾಗಿ ಓಡಾಡುತ್ತಿರುತ್ತಾರೆ. ಮಬ್ಬು ಕಳೆದು ಮೇಲೆ ಹಬ್ಬ ಶುರುವಾದಾಗ ಇವರಲ್ಲಿ ನೀರು ತಣ್ಣಗಾಗುತ್ತದೆ. ಎರಡೂ ಕಡೆಯವರಿಗೆ ಒಂದೇ ಪಂಚಾಂಗ ಕೊಡಬೇಡ. ಕಡಲಿನವರಿಗಂತೂ ಮಬ್ಬುಗಾಲವೇ ಸುಗ್ಗಿ ಇರಬಹುದು. ನಮ್ಮ ಸಮುದ್ರದಲ್ಲೂ ಕತ್ತಲಾದರೆ ಆಳದ ಸಣ್ಣ ಜೀವಿಗಳು ಮೇಲಕ್ಕೆ ಬರುತ್ತವೆ.

ಇನ್ನೊಂದು. ಕೊನೆಯಲ್ಲಿ ಕೆಲವರು ಬೇರೆ ನಕ್ಷತ್ರಕ್ಕೆ ವಲಸೆ ಹೋಗಿ, ಅಲ್ಲಿಂದಲೇ ತವರಿನ ಸೂರ್ಯ ಮಂಕಾಗೋದನ್ನು ನೋಡಿ ಅಳುತ್ತಾರೆ ಅಂತ ಬರೆದಿದ್ದೀಯ. ಹಾಗಾಗುವುದಿಲ್ಲ ಪುಟ್ಟಿ. ತಟ್ಟೆ ಅಡ್ಡ ಬರಬೇಕಾದರೆ ನೋಡುವವರು ಅದೇ ನೇರದಲ್ಲಿರಬೇಕು. ಪಕ್ಕಕ್ಕೆ ಸರಿದವರಿಗೆ ಅದು ಯಾವತ್ತೂ ಪೂರ್ತಿ ಉರಿಯುವ ನಕ್ಷತ್ರವೇ. ಇದನ್ನು ತಿದ್ದು, ಕಥೆಗೆ ಲಾಭವೇ ಜಾಸ್ತಿ. ಅಲ್ಲಿ ಹುಟ್ಟಿದ ಮಕ್ಕಳು ಆಕಾಶ ತೋರಿಸಿ, "ಎಲ್ಲಜ್ಜಿ ನಿನ್ನ ಮಬ್ಬು? ಬರೀ ಬೊಗಳೆ" ಅಂತಾರೆ. ಅಜ್ಜಿ ಹತ್ತಿರ ಸಾಕ್ಷಿ ಇಲ್ಲ. ಆದರೂ ಅವಳು ಊಟ ಆದಮೇಲೆ ಒಂದು ಹಿಡಿ ಕಾಳು ತೆಗೆದಿಡುತ್ತಾಳೆ, ಸೊಸೆ ಬೈಯುತ್ತಾಳೆ. ಈ ಭಾಗವನ್ನ ನಿಧಾನವಾಗಿ ಬರಿ, ಅವಸರ ಬೇಡ.

ಮೊದಲ ಎರಡು ಪುಟದ ಆಕಾಶದ ವರ್ಣನೆಯಲ್ಲಿ ಅರ್ಧ ತೆಗೆದುಬಿಡು. ಅದನ್ನ ಯಾರು ಬೇಕಾದರೂ ಬರೆಯುತ್ತಾರೆ.

ಮುಂದಿನ ಭಾನುವಾರ ಮೈಸೂರಿಗೆ ಬರುತ್ತೇನೆ, ತಿದ್ದಿದ ಪುಟಗಳು ಇದ್ದರೆ ಕೊಡು. ನಿಮ್ಮ ದೊಡ್ಡಮ್ಮನಿಗೂ ಕಥೆ ಓದಿ ಹೇಳಿದೆ. ಅವಳದ್ದು ಒಂದೇ ಪ್ರಶ್ನೆ: ಒಂದೂವರೆ ವರ್ಷ ಸರಿಯಾಗಿ ಬಿಸಿಲಿಲ್ಲ ಅಂದರೆ ಹಪ್ಪಳ ಸಂಡಿಗೆ ಹೇಗೆ ಒಣಗಿಸುತ್ತಾರಂತೆ? ನಿನ್ನನ್ನೇ ಕೇಳಲು ಅವಳಿಗೆ ಹೇಳಿದ್ದೇನೆ.

ಇಂತಿ,
ನಿನ್ನ ದೊಡ್ಡಪ್ಪ